ದುಡಿಯುವ ಎತ್ತಿನ ಹೃದಯವೂ ಮಾಂಸಖಂಡಗಳೂ: ಅತಿಶ್ರಮದಿಂದುಂಟಾಗುವ ಆಯಾಸ ಮತ್ತು ಅದರ ಪರಿಹಾರ

1. ಪೀಠಿಕೆ



ಒಕ್ಕಲುತನಕ್ಕೆ ಭೂಮಿಯು ಎಷ್ಟು ಮುಖ್ಯವೋ ಎತ್ತೂ ಅಷ್ಟೇ ಮುಖ್ಯವೆಂಬುದು ಸರ್ವರಿಗೂ ತಿಳಿದ ವಿಷಯವೇ. ಟ್ರಾಕ್ಟರುಗಳು ಹಳ್ಳಿಗಳಿಗೆ ಬಂದಿರುವ ಈ ಕಾಲದಲ್ಲಿಯೂ ಎರಡು ಮೂರು ಎಕರೆಯ ಹಿಡುವಳಿದಾರರಲ್ಲಿ ಅನೇಕರು ಉಳುವುದಕ್ಕೂ, ಕುಂಟೆ ಹೊಡೆಯುವುದಕ್ಕೂ, ಗೊಬ್ಬರ ಸಾಗಿಸುವುದಕ್ಕೂ ಎತ್ತುಗಳನ್ನೇ ನಂಬಿಕೊಂಡಿರುವರು. ಬೀಜವು ಕೆಟ್ಟರೆ ಮತ್ತೆ ತರಬಹುದು. ಮುಂಗಾರು ತಪ್ಪಿದರೆ ಹಿಂಗಾರಿಗೆ ಕಾಯಬಹುದು. ಆದರೆ ಹದದ ಹೊತ್ತಿನಲ್ಲಿ ಜೋಡಿಯ ಒಂದೆತ್ತು ಬಿದ್ದುಹೋದರೆ ಉಳಿದ ಇನ್ನೊಂದೂ ಗೂಟದಲ್ಲಿ ನಿಂತುಬಿಡುವುದು, ಆ ವರ್ಷದ ಬೆಳೆಯೂ ನಿಂತುಬಿಡುವುದು.

ಕೆಲವು ವರ್ಷಗಳ ಹಿಂದೆ ಮುಂಗಾರಿನ ಆರಂಭದಲ್ಲಿ ನಾನು ಸರ್ಕೀಟಿನಲ್ಲಿದ್ದಾಗ ಒಂದು ಹಳ್ಳಿಯ ರೈತರೊಬ್ಬರು ತಮ್ಮ ಎತ್ತನ್ನು ತೋರಿಸಿ, “ಸ್ವಾಮಿ, ಇದಕ್ಕೆ ಕಾಲುಬಾಯಿ ಜ್ವರ ಬಂದು ವಾಸಿಯಾಗಿ ಇಪ್ಪತ್ತು ದಿವಸವಾಯಿತು, ಹೂಡಬಹುದೇ?” ಎಂದು ಕೇಳಿದರು. ನಾನು ಗೊರಸನ್ನು ನೋಡಿದೆನು, ಬಾಯನ್ನು ನೋಡಿದೆನು, ಹುಣ್ಣುಗಳು ಮಾಗಿದ್ದವು. ಹದ ಹೋಗುವುದರೊಳಗಾಗಿ ಉತ್ತುಬಿಡಿರೆಂದು ಹೇಳಿದೆನು. ಬೇಸಗೆಯೆಲ್ಲ ಕೊಟ್ಟಿಗೆಯಲ್ಲಿಯೇ ನಿಂತಿದ್ದ ಆ ಎತ್ತು ಮಾರನೆಯ ದಿನ ಬೆಳಗಿನಿಂದ ಮಧ್ಯಾಹ್ನ ಒಂದು ಗಂಟೆಯವರೆಗೆ ಒಂದೇ ಸಮನೆ ಎಳೆಯಿತು. ಅನಂತರ ಸಾಲಿನಲ್ಲಿಯೇ ಮಂಡಿಯೂರಿತು. ಸಾಯಂಕಾಲದೊಳಗೆ ಪ್ರಾಣ ಬಿಟ್ಟಿತು. ವಿಷಯವನ್ನು ಕೇಳಿ ಬಂದ ಪಶುವೈದ್ಯರು, “ಕಾಲು ನೋಡಿದಿರಿ, ಬಾಯಿ ನೋಡಿದಿರಿ, ಉಸಿರನ್ನೂ ನಾಡಿಯನ್ನೂ ಎಣಿಸಿದಿರಾ?” ಎಂದು ನನ್ನನ್ನು ಕೇಳಿದರು. ನಾನು ಎಣಿಸಿರಲಿಲ್ಲ. ಆ ತಪ್ಪು ರೈತರದಲ್ಲ, ನನ್ನದು.

ಹೊರಗಣ ಅಂಗಗಳನ್ನು ನೋಡುವುದು ನಮಗೆಲ್ಲ ಬರುವುದು. ಒಳಗೆ ದುಡಿಯುವ ಹೃದಯವನ್ನೂ ಮಾಂಸಖಂಡಗಳನ್ನೂ ಅರಿಯುವ ಬಗೆಯನ್ನು ಕಲಿಯಬೇಕಾಗಿದೆ. ಆ ಉದ್ದೇಶದಿಂದಲೇ ಈ ಪತ್ರಿಕೆಯನ್ನು ಬರೆದಿದೆ.

2. ಮಾಂಸಖಂಡದ ರಚನೆ ಮತ್ತು ಕೆಲಸ

ಎತ್ತು ನೊಗಕ್ಕೆ ಹೆಗಲು ಕೊಟ್ಟು ಎಳೆಯುವಾಗ ಅದರ ತೊಡೆ, ಭುಜ, ಬೆನ್ನು, ಕುತ್ತಿಗೆಗಳ ಮಾಂಸಖಂಡಗಳು ಕುಗ್ಗುತ್ತಲೂ ಸಡಿಲುತ್ತಲೂ ಇರುವುವು. ಸಾವಿರಾರು ನಾರುಗಳನ್ನು ಹೊಸೆದು ಹಗ್ಗವನ್ನು ಮಾಡುವಂತೆ, ಒಂದೊಂದು ಮಾಂಸಖಂಡವೂ ಅಸಂಖ್ಯಾತವಾದ ಸೂಕ್ಷ್ಮ ಎಳೆಗಳ ಕಟ್ಟಾಗಿರುವುದು. ಈ ಎಳೆಗಳೊಳಗೆ ಮತ್ತೂ ಸೂಕ್ಷ್ಮವಾದ ಎರಡು ಬಗೆಯ ತಂತುಗಳಿದ್ದು, ಅವು ಒಂದರ ಸಂದಿನಲ್ಲಿ ಮತ್ತೊಂದು ಜಾರಿ ಸೇರುವುದರಿಂದಲೇ ಮಾಂಸಖಂಡವು ಕುಗ್ಗುವುದೆಂಬುದನ್ನು 1954ರಲ್ಲಿ ವಿಜ್ಞಾನಿಗಳು ಕಂಡುಹಿಡಿದರು. ಎರಡು ಕೈಗಳ ಬೆರಳುಗಳನ್ನು ಎದುರುಬದುರಾಗಿಟ್ಟು ಒಂದರ ಸಂದಿಗೆ ಮತ್ತೊಂದನ್ನು ತೂರಿಸಿದರೆ ಈ ಕ್ರಿಯೆಯು ಮನಸ್ಸಿಗೆ ಬರುವುದು.

ಈ ಜಾರುವಿಕೆಗೆ ಇಂಧನವು ಬೇಕು. ಒಡನೆಯೇ ಉಪಯೋಗಕ್ಕೆ ಬರುವ ಇಂಧನವು ಮಾಂಸಖಂಡದಲ್ಲಿ ಕೆಲವೇ ಕ್ಷಣಗಳಿಗೆ ಸಾಕಾಗುವಷ್ಟಿರುವುದು. ಅದನ್ನು ಮತ್ತೆ ಮತ್ತೆ ತುಂಬುವುದಕ್ಕಾಗಿ ಗ್ಲೈಕೋಜನ್ ಎಂಬ ಪಿಷ್ಟದಂಥ ಪದಾರ್ಥವು ಮಾಂಸಖಂಡದಲ್ಲಿಯೂ ಪಿತ್ತಜನಕಾಂಗದಲ್ಲಿಯೂ ಶೇಖರವಾಗಿರುವುದು; ಇದರೊಂದಿಗೆ ಕೊಬ್ಬೂ ಉರಿಯುವುದು. ಇವು ಚೆನ್ನಾಗಿ ಉರಿಯಲು ಗಾಳಿಯಲ್ಲಿರುವ ಆಮ್ಲಜನಕವು ಬೇಕು. ಅದನ್ನು ಒದಗಿಸುವುದು ಶ್ವಾಸಕೋಶ, ಹೊತ್ತು ತರುವುದು ರಕ್ತ, ರಕ್ತವನ್ನು ದೂಡುವುದು ಹೃದಯ. ಈ ಮೂರರಲ್ಲಿ ಯಾವುದು ಹಿಂದುಳಿದರೂ ಮಾಂಸಖಂಡವು ಸೋಲುವುದು.

ಮೆಲುಕು ಹಾಕುವ ಪ್ರಾಣಿಗಳಲ್ಲಿ ಒಂದು ವಿಶೇಷವುಂಟು. ಎತ್ತು ತಿಂದ ಹುಲ್ಲು ಮೊದಲು ದೊಡ್ಡ ಹೊಟ್ಟೆಯಲ್ಲಿ ಸೂಕ್ಷ್ಮಜೀವಿಗಳಿಂದ ಹುದುಗುವುದು. ಅಲ್ಲಿ ಹುಟ್ಟುವ ಆಮ್ಲಗಳೇ ಎತ್ತಿನ ಮುಖ್ಯವಾದ ಇಂಧನ; ಅವುಗಳಲ್ಲಿ ಒಂದು ಬಗೆಯದನ್ನು ಪಿತ್ತಜನಕಾಂಗವು ಸಕ್ಕರೆಯಾಗಿ ಮಾರ್ಪಡಿಸಿಕೊಳ್ಳುವುದು. ಇದು ನಿಧಾನದ ಅಡಿಗೆ. ದಿನಕ್ಕೆ ಮೇವು ತಿನ್ನಲು ಆರು ಗಂಟೆಯಾದರೂ, ಮೆಲುಕು ಹಾಕಲು ಏಳೆಂಟು ಗಂಟೆಯಾದರೂ ಎತ್ತಿಗೆ ಬೇಕು. ಹಗಲೆಲ್ಲ ನೊಗದಲ್ಲಿಯೂ ರಾತ್ರಿಯೆಲ್ಲ ಗಾಡಿಯಲ್ಲಿಯೂ ದುಡಿಸಿದ ಎತ್ತಿಗೆ ಗೋದಲಿಯ ತುಂಬ ಹಿಂಡಿ ಬೂಸವನ್ನಿಟ್ಟರೂ ಮೆಲುಕಿಗೆ ಹೊತ್ತಿಲ್ಲದಿದ್ದರೆ ಅದು ಬಲವಾಗಿ ಪರಿಣಮಿಸದು.

3. ಆಯಾಸವೆಂದರೇನು?

ಮಾಂಸಖಂಡವು ತನ್ನ ಅಳತೆಯನ್ನು ಮೀರಿ ದುಡಿದಾಗ ಕುಗ್ಗುವ ಶಕ್ತಿಯೂ ವೇಗವೂ ಕಡಮೆಯಾಗುವುವು; ಕುಗ್ಗಿದ ಮೇಲೆ ಸಡಿಲುವುದೂ ನಿಧಾನವಾಗುವುದು. ಇದೇ ಆಯಾಸ. 1907ರಲ್ಲಿ ಫ್ಲೆಚರ್ ಮತ್ತು ಹಾಪ್ಕಿನ್ಸ್ ಎಂಬ ವಿದ್ವಾಂಸರು ಕಪ್ಪೆಯ ಮಾಂಸಖಂಡಗಳನ್ನು ಪರೀಕ್ಷಿಸಿ, ಬಳಲಿದ ಖಂಡದಲ್ಲಿ ಲ್ಯಾಕ್ಟಿಕ್ ಆಮ್ಲವು ಕೂಡಿಕೊಳ್ಳುವುದೆಂದೂ, ಆಮ್ಲಜನಕವು ದೊರೆತರೆ ಅದು ಕಡಮೆಯಾಗುವುದೆಂದೂ ತೋರಿಸಿದರು. ಮೊಸರಿಗೆ ಹುಳಿಯನ್ನು ಕೊಡುವ ಆಮ್ಲವೇ ಇದು. ಬಹುಕಾಲ ಇದನ್ನೇ ಆಯಾಸದ ವಿಷವೆಂದು ಹೇಳುತ್ತಿದ್ದರು. ಈಗಿನ ತಿಳಿವಳಿಕೆಯು ಬೇರೆಯಾಗಿದೆ. ಇಂಧನವು ಒಡೆದಾಗ ಉಳಿಯುವ ಫಾಸ್ಫೇಟು ಕೂಡಿಕೊಳ್ಳುವುದು, ಎಳೆಗಳನ್ನು ಎಬ್ಬಿಸುವ ಸುಣ್ಣದ ಅಂಶವು ಸರಿಯಾಗಿ ಬಿಡುಗಡೆಯಾಗದಿರುವುದು, ಗ್ಲೈಕೋಜನ್ ತೀರಿಹೋಗುವುದು, ದೇಹದ ಶಾಖವು ಏರುವುದು, ಮಿದುಳೇ ಪ್ರೇರಣೆಯನ್ನು ತಗ್ಗಿಸುವುದು ಇವೆಲ್ಲವೂ ಸೇರಿ ಆಯಾಸವಾಗುವುದು. ಲ್ಯಾಕ್ಟಿಕ್ ಆಮ್ಲದಿಂದ ದೊರೆಯುವ ಪದಾರ್ಥವನ್ನು ಹೃದಯವು ತನ್ನ ಇಂಧನವಾಗಿ ಉರಿಸಿಕೊಳ್ಳುವುದೆಂದೂ ಈಗ ತಿಳಿದುಬಂದಿದೆ.

ಆಯಾಸವು ಸೋಮಾರಿತನವಲ್ಲ, ಹಟವೂ ಅಲ್ಲ. ಖಂಡವು ಹರಿದುಹೋಗುವ ಮುಂಚೆ ದೇಹವು ತಾನಾಗಿಯೇ ಹಾಕಿಕೊಳ್ಳುವ ತಡೆಯದು. ಬಾರುಕೋಲಿನ ಏಟು ಹೆದರಿಕೆಯನ್ನು ಕೊಡುವುದೇ ಹೊರತು ಇಂಧನವನ್ನು ಕೊಡಲಾರದು. ಹೆದರಿದ ಎತ್ತು ಆ ತಡೆಯನ್ನು ಮೀರಿ ಎಳೆಯುವುದು. ಯಜಮಾನನು ಅದನ್ನು ಬಲವೆಂದು ತಿಳಿಯುವನು. ನಿಜವಾಗಿ ಅದು ಸಾಲ.

ಆ ಸಾಲದ ಬಡ್ಡಿ ಎಷ್ಟೆಂಬುದನ್ನು ಇಟಲಿ ದೇಶದ ಏಂಜೆಲೊ ಮೊಸ್ಸೊ ಎಂಬ ಶರೀರಶಾಸ್ತ್ರಜ್ಞರ ಪ್ರಯೋಗಶಾಲೆಯಲ್ಲಿ ಅಳೆದು ನೋಡಿದರು. ಅವರು ಆಯಾಸವನ್ನು ಕುರಿತು 1891ರಲ್ಲಿ ಒಂದು ಗ್ರಂಥವನ್ನೇ ಪ್ರಕಟಿಸಿದರು. ಮನುಷ್ಯನ ಒಂದು ಬೆರಳಿಗೆ ತೂಕವನ್ನು ಕಟ್ಟಿ, ಇನ್ನು ಸಾಧ್ಯವಿಲ್ಲವೆನ್ನುವವರೆಗೆ ಎತ್ತಿಸಿ, ಮತ್ತೆ ಮೊದಲಿನ ಬಲ ಬರಲು ಎಷ್ಟು ಹೊತ್ತು ಬೇಕೆಂದು ನೋಡುವುದೇ ಆ ಪರೀಕ್ಷೆ. ಮೂವತ್ತು ಸಲ ಎತ್ತಿ ಪೂರ್ತಿಯಾಗಿ ಬಳಲಿದ ಬೆರಳಿಗೆ ಎರಡು ಗಂಟೆಗಳ ವಿಶ್ರಾಂತಿ ಬೇಕಾಯಿತು. ಹದಿನೈದು ಸಲಕ್ಕೇ ನಿಲ್ಲಿಸಿದರೆ ಅರ್ಧ ಗಂಟೆಯು ಸಾಕಾಯಿತು. ಕೆಲಸವು ಅರ್ಧಕ್ಕಿಳಿದರೆ ವಿಶ್ರಾಂತಿಯು ಕಾಲುಭಾಗಕ್ಕೆ ಇಳಿಯಿತು. ಎಂದರೆ ಕೊನೆಯ ಹದಿನೈದು ಎತ್ತುಗೆಗಳ ಬೆಲೆಯು ಮೊದಲಿನ ಹದಿನೈದರ ಬೆಲೆಗಿಂತ ಎಷ್ಟೋ ಹೆಚ್ಚು.

ಬೆರಳಿನ ಈ ಲೆಕ್ಕವನ್ನು ಎತ್ತಿನ ಮೈಗೆ ಹಾಗೆಯೇ ಹೊಂದಿಸಲಾಗದಿದ್ದರೂ ಅದರ ನೀತಿಯು ಎರಡಕ್ಕೂ ಒಂದೇ. ಹೊತ್ತೇರಿದ ಮೇಲೆ “ಇನ್ನು ನಾಲ್ಕೇ ಸಾಲು, ಮುಗಿಸಿಬಿಡೋಣ” ಎಂದು ಉಳುವ ಆ ನಾಲ್ಕು ಸಾಲುಗಳೇ ಮಾರನೆಯ ದಿನದ ಉಳುಮೆಯನ್ನು ನುಂಗುವುವು.

4. ಹೃದಯದ ದುಡಿಮೆ

ರಕ್ತವು ಹೃದಯದಿಂದ ಹೊರಟು ಮೈಯೆಲ್ಲ ಸುತ್ತಿ ಮತ್ತೆ ಹೃದಯಕ್ಕೇ ಬರುವುದೆಂಬುದನ್ನು ವಿಲಿಯಂ ಹಾರ್ವೆ ಎಂಬ ವೈದ್ಯನು 1628ರಲ್ಲಿ ಪ್ರಕಟಿಸಿದನು. ಹೃದಯವೂ ಮಾಂಸಖಂಡವೇ, ಆದರೆ ಕಾಲಿನ ಖಂಡಗಳಿಗೂ ಅದಕ್ಕೂ ಭೇದವುಂಟು. ಕಾಲಿನ ಖಂಡವು ಎತ್ತು ಮಲಗಿದಾಗ ವಿಶ್ರಮಿಸುವುದು. ಹೃದಯಕ್ಕೆ ರಾತ್ರಿಯ ವಿಶ್ರಾಂತಿಯಿಲ್ಲ. ನಿಮಿಷಕ್ಕೆ 60 ಬಡಿತದಂತೆ ಎಣಿಸಿದರೂ ಒಂದು ದಿನಕ್ಕೆ 86,400 ಬಡಿತಗಳಾಗುವುವು. ಅದರ ವಿಶ್ರಾಂತಿಯೆಲ್ಲವೂ ಒಂದು ಬಡಿತಕ್ಕೂ ಮತ್ತೊಂದು ಬಡಿತಕ್ಕೂ ನಡುವಣ ಬಿಡುವಿನಲ್ಲಿಯೇ ಅಡಗಿರುವುದು. ಹೃದಯದ ಖಂಡಕ್ಕೆ ಬೇಕಾದ ರಕ್ತವು ಹೆಚ್ಚಾಗಿ ಒದಗುವುದೂ ಆ ಬಿಡುವಿನಲ್ಲಿಯೇ.

ಎತ್ತು ಭಾರವನ್ನು ಎಳೆಯತೊಡಗಿದೊಡನೆ ಹೃದಯವು ಎರಡು ಬಗೆಯಲ್ಲಿ ನೆರವಾಗುವುದು. ಒಂದು, ಬಡಿತದ ಸಂಖ್ಯೆಯು ಹೆಚ್ಚುವುದು. ಎರಡು, ಬಡಿತದ ಬಲವು ಹೆಚ್ಚುವುದು. ಹೃದಯದೊಳಕ್ಕೆ ಹೆಚ್ಚು ರಕ್ತವು ಬಂದು ಅದರ ಗೋಡೆಯು ಹಿಗ್ಗಿದಷ್ಟೂ ಅದು ಬಲವಾಗಿ ಕುಗ್ಗುವುದೆಂಬ ನಿಯಮವನ್ನು ಈ ಶತಮಾನಕ್ಕೆ ಹಿಂದಿನ ಶತಮಾನದ ಮೊದಲ ಭಾಗದಲ್ಲಿ ಸ್ಟಾರ್ಲಿಂಗ್ ಎಂಬ ವಿದ್ವಾಂಸರು ವಿವರಿಸಿದರು. ಬಿಲ್ಲನ್ನು ಸೆಳೆದಷ್ಟೂ ಬಾಣವು ದೂರ ಹೋಗುವಂತೆ ಇದು. ಆದರೆ ಬಿಲ್ಲಿಗೂ ಒಂದು ಮಿತಿಯುಂಟು. ಆರೋಗ್ಯವಂತನಾದ ಮನುಷ್ಯನ ಹೃದಯವು ಸುಮ್ಮನಿರುವಾಗ ನಿಮಿಷಕ್ಕೆ ಸುಮಾರು 5 ಲೀಟರ್ ರಕ್ತವನ್ನು ದೂಡುವುದು. ಪಳಗಿದವನ ಹೃದಯವು ಕಠಿಣವಾದ ದುಡಿಮೆಯಲ್ಲಿ 20 ಲೀಟರಿಗೂ ಹೆಚ್ಚಾಗಿ ದೂಡಬಲ್ಲುದು. ಎತ್ತಿನಲ್ಲಿಯೂ ಹೀಗೆಯೇ ಹಲವು ಪಟ್ಟು ಹೆಚ್ಚುವುದು.

ಅದೇ ಸಮಯದಲ್ಲಿ ಮಾಂಸಖಂಡಗಳಲ್ಲಿ ಮುಚ್ಚಿದಂತಿದ್ದ ಕೂದಲಿಗಿಂತ ಸೂಕ್ಷ್ಮವಾದ ರಕ್ತನಾಳಗಳು ತೆರೆದುಕೊಳ್ಳುವುವು. ಇದನ್ನು ಶೋಧಿಸಿದ ಡೆನ್ಮಾರ್ಕಿನ ಆಗಸ್ಟ್ ಕ್ರೋಗ್ ಅವರಿಗೆ 1920ರಲ್ಲಿ ನೊಬೆಲ್ ಬಹುಮಾನವು ದೊರೆಯಿತು. ಕಾಲುವೆಯ ತೂಬುಗಳನ್ನು ಒಂದು ಗದ್ದೆಯ ಕಡೆಗೆ ತೆರೆದರೆ ಮತ್ತೊಂದು ಗದ್ದೆಗೆ ನೀರು ಕಡಮೆಯಾಗುವಂತೆ, ಖಂಡಗಳಿಗೆ ರಕ್ತವು ಹರಿದಾಗ ಹೊಟ್ಟೆ ಕರುಳುಗಳಿಗೆ ಕಡಮೆಯಾಗುವುದು. ಆದಕಾರಣ ಹೊಟ್ಟೆ ತುಂಬ ಮೇವು ತಿಂದ ಎತ್ತನ್ನು ಒಡನೆಯೇ ಹೂಡಿದರೆ ಜೀರ್ಣವೂ ಕೆಡುವುದು, ದುಡಿಮೆಯೂ ಕೆಡುವುದು. ಉಬ್ಬಿದ ಹೊಟ್ಟೆಯು ಶ್ವಾಸಕೋಶವನ್ನು ಒತ್ತಿ ಉಸಿರಾಟಕ್ಕೂ ಅಡ್ಡಿಮಾಡುವುದು.

ರೋಗದಿಂದ ಎದ್ದ ಎತ್ತಿನ ವಿಷಯವನ್ನು ಇಲ್ಲಿ ವಿಶೇಷವಾಗಿ ಹೇಳಬೇಕಾಗಿದೆ. ಕಾಲುಬಾಯಿ ಜ್ವರವು ಎಳೆಗರುಗಳ ಹೃದಯದ ಮಾಂಸವನ್ನೇ ಹಿಡಿದು ಕೊಲ್ಲುವುದುಂಟು. ಬೆಳೆದ ದನಗಳಲ್ಲಿಯೂ ಕೆಲವು ಹುಣ್ಣು ಮಾಗಿದ ಮೇಲೆ ಬಿಸಿಲನ್ನು ತಾಳಲಾರದೆ, ಸ್ವಲ್ಪ ನಡೆದರೂ ಬಾಯಿ ತೆರೆದು ಏದುವುವು. ಇಂಥ ಎತ್ತು ನಿಂತಿರುವಾಗ ಆರೋಗ್ಯವಾಗಿಯೇ ಕಾಣುವುದು. ನಾನು ನೋಡದೆಹೋದದ್ದು ಇದನ್ನೇ.

5. ಬಿಸಿಲೆಂಬ ಎರಡನೆಯ ಹೊರೆ

ಮಾಂಸಖಂಡದಲ್ಲಿ ಉರಿದ ಇಂಧನದ ಸುಮಾರು ಕಾಲುಭಾಗ ಮಾತ್ರ ಎಳೆಯುವ ಕೆಲಸವಾಗಿ ದೊರೆಯುವುದು. ಉಳಿದ ಮುಕ್ಕಾಲುಭಾಗವೂ ಶಾಖವಾಗುವುದು. ಆ ಶಾಖವನ್ನು ಹೊರಗೆ ಹಾಕಲು ಹೃದಯವು ಚರ್ಮಕ್ಕೂ ಹೆಚ್ಚು ರಕ್ತವನ್ನು ಕಳುಹಿಸಬೇಕು. ಹಿಣಿಲೂ ಗಂಗೆದೊಗಲೂ ಉಳ್ಳ ನಮ್ಮ ನಾಡಿನ ದನಗಳು ಸೀಮೆಯ ದನಗಳಿಗಿಂತ ಹೆಚ್ಚಾಗಿ ಬೆವರಬಲ್ಲವು, ಬಿಸಿಲನ್ನೂ ತಾಳಬಲ್ಲವು. ಆದರೂ ಉರಿಬಿಸಿಲಿನಲ್ಲಿ ಉಳುವಾಗ ಒಂದೇ ಹೃದಯವು ಖಂಡಗಳಿಗೂ ಚರ್ಮಕ್ಕೂ ರಕ್ತವನ್ನು ಒದಗಿಸಬೇಕಾಗುವುದರಿಂದ ಬೆಳಗಿನ ನಾಲ್ಕು ಗಂಟೆಗಳ ಕೆಲಸಕ್ಕಿಂತ ಮಧ್ಯಾಹ್ನದ ಎರಡು ಗಂಟೆಗಳ ಕೆಲಸವು ಭಾರವಾಗಬಹುದು. ಬೆವರಿನಿಂದಲೂ ಏದುಸಿರಿನಿಂದಲೂ ನೀರು ಹೋದಂತೆಲ್ಲ ರಕ್ತವೂ ಕಡಮೆಯಾಗಿ ಹೃದಯದ ಹೊರೆಯು ಮತ್ತೂ ಹೆಚ್ಚುವುದು.

6. ಏರುದಾರಿ, ಇಳಿದಾರಿ

ಗಾಡಿಯು ದಿಣ್ಣೆಯನ್ನೇರುವಾಗ ಹೃದಯಕ್ಕೂ ಉಸಿರಿಗೂ ಶ್ರಮವೆಂಬುದು ಎಲ್ಲರಿಗೂ ಕಾಣುವುದು. ಇಳಿದಾರಿಯಲ್ಲಿ ಎತ್ತಿಗೆ ಸುಖವೆಂದು ಅನೇಕರು ಭಾವಿಸುವರು. ಇದು ಸರಿಯಲ್ಲ. ಇಳಿಯುವಾಗ ಹಿಂದಿನಿಂದ ನೂಕುವ ಗಾಡಿಯನ್ನು ತಡೆಹಿಡಿಯಲು ಎತ್ತಿನ ಖಂಡಗಳು ಕುಗ್ಗಲೆತ್ನಿಸುತ್ತಿರುವಾಗಲೇ ಹಿಗ್ಗಿಸಲ್ಪಡುವುವು. ಈ ಬಗೆಯ ಎಳೆತದಿಂದಲೇ ಸೂಕ್ಷ್ಮ ಎಳೆಗಳು ಹೆಚ್ಚಾಗಿ ಹರಿಯುವುವು. ಬೆಟ್ಟವನ್ನಿಳಿದು ಬಂದವನ ತೊಡೆಗಳು ಮಾರನೆಯ ದಿನವೂ ಅದರ ಮಾರನೆಯ ದಿನವೂ ನೋಯುವುದು ಇದರಿಂದಲೇ. ಎತ್ತು ಬಾಯಿಬಿಟ್ಟು ಹೇಳಲಾರದು. ಬೆಳಿಗ್ಗೆ ಏಳುವಾಗ ಬಿಗಿದುಕೊಂಡ ಕಾಲುಗಳೇ ಹೇಳುವುವು. ಆದಕಾರಣ ಏರಿನಲ್ಲಿ ನಡುನಡುವೆ ನಿಲ್ಲಿಸಿ ಗಾಲಿಗೆ ಕಲ್ಲಿಡತಕ್ಕದ್ದು. ಇಳಿಜಾರಿನಲ್ಲಿ ತಡೆಯನ್ನು ಹಾಕಿ ಮೆಲ್ಲಗೆ ಇಳಿಸತಕ್ಕದ್ದು.

ಅಭ್ಯಾಸವಿಲ್ಲದ ಎತ್ತನ್ನು ಮಿತಿಮೀರಿ ದುಡಿಸಿದರೆ ಎಳೆಗಳು ಬಹಳವಾಗಿ ಒಡೆದು ಅವುಗಳ ಕೆಂಪು ಬಣ್ಣವು ರಕ್ತಕ್ಕೆ ಸೇರಿ ಮೂತ್ರದಲ್ಲಿ ಇಳಿಯುವುದುಂಟು. ಆಗ ಮೂತ್ರವು ಕಾಫಿಯ ಬಣ್ಣಕ್ಕೆ ತಿರುಗುವುದು, ಮೂತ್ರಪಿಂಡಗಳಿಗೂ ಅಪಾಯವುಂಟು. ಉಣ್ಣೆಗಳಿಂದ ಹರಡುವ ಜ್ವರದಲ್ಲಿಯೂ ಮೂತ್ರವು ಕೆಂಪಾಗುವುದರಿಂದ ಇದನ್ನು ತಾವೇ ನಿರ್ಣಯಿಸದೆ ಪಶುವೈದ್ಯರನ್ನು ಕರೆಸತಕ್ಕದ್ದು.

7. ಅಭ್ಯಾಸದ ಫಲ

ಕ್ರಮವಾಗಿ ದುಡಿಸಿದ ಮಾಂಸಖಂಡದಲ್ಲಿ ಸೂಕ್ಷ್ಮ ರಕ್ತನಾಳಗಳು ಹೆಚ್ಚುವುವು. ಇಂಧನವನ್ನುರಿಸುವ ಕಣಗಳು ಹೆಚ್ಚುವುವು. ಹೃದಯದ ಗೋಡೆಯು ಬಲಿತು ಕಡಮೆ ಬಡಿತಗಳಲ್ಲಿಯೇ ಹೆಚ್ಚು ರಕ್ತವನ್ನು ದೂಡಬಲ್ಲುದಾಗುವುದು. ಇದಕ್ಕೆ ದಿವಸಗಳು ಸಾಲವು, ವಾರಗಳು ಬೇಕು. ದುಡಿಮೆಯು ನಿಂತರೆ ಈ ಲಾಭವೆಲ್ಲವೂ ಕೆಲವು ವಾರಗಳಲ್ಲಿಯೇ ಇಳಿದುಹೋಗುವುದು. ಬೇಸಗೆಯಲ್ಲಿ ಎರಡು ಮೂರು ತಿಂಗಳು ಸುಮ್ಮನೆ ನಿಂತ ಎತ್ತು ಹಿಂದಿನ ವರ್ಷ ಎಷ್ಟೇ ದುಡಿದಿದ್ದರೂ ಮೊದಲ ಮಳೆಯ ದಿನ ಹೊಸ ಎತ್ತೇ ಸರಿ.

ನಮ್ಮ ಸೀಮೆಯ ಅಮೃತಮಹಲ್ ಎತ್ತುಗಳು ಹೈದರಾಲಿಯ ಸೈನ್ಯವನ್ನು ಎರಡೂವರೆ ದಿನಗಳಲ್ಲಿ ನೂರು ಮೈಲಿ ನಡೆಸಿ ಚಿದಂಬರಕ್ಕೆ ಮುಟ್ಟಿಸಿದುವೆಂದು ಗ್ಯಾಸೆಟಿಯರುಗಳಲ್ಲಿ ಬರೆದಿದೆ. ಕೇಳಿದವರು ತಳಿಯ ಗುಣವೆನ್ನುವರು. ತಳಿಯ ಗುಣವು ನಿಜ. ಕಾವಲುಗಳಲ್ಲಿ ತಿರುಗಾಡಿ ಮೇದು ಬೆಳೆದ ಕಾಲುಗಳೂ, ಪ್ರಾಯ ತುಂಬಿದ ಮೇಲೆಯೇ ಕ್ರಮವಾಗಿ ಪಳಗಿಸಿದ ಅಭ್ಯಾಸವೂ ಅಷ್ಟೇ ನಿಜ. ಅದೇ ತಳಿಯ ಎತ್ತನ್ನು ಕೊಟ್ಟಿಗೆಯಲ್ಲಿ ಕಟ್ಟಿ ಬೆಳೆಸಿದರೆ ಹತ್ತು ಮೈಲಿಗೆ ಏದುವುದು.

ಯುಗಾದಿಯಂದು ಹೊನ್ನಾರು ಹೂಡುವ ಪದ್ಧತಿಯು ನಮ್ಮಲ್ಲಿ ಅನೇಕ ಕಡೆಗಳಲ್ಲಿದೆ. ಆ ದಿನ ನಾಲ್ಕು ಸಾಲು ಉತ್ತು ಪೂಜೆ ಮಾಡಿ ಬಿಚ್ಚುವರು. ಅಲ್ಲಿಗೇ ಬಿಡದೆ ಅಂದಿನಿಂದಲೇ ದಿನಕ್ಕೆ ಒಂದು ಗಂಟೆಯ ಹಗುರವಾದ ಕೆಲಸವನ್ನು ಕೊಡುತ್ತ ಬಂದರೆ ಮುಂಗಾರಿನ ಹೊತ್ತಿಗೆ ಎತ್ತು ಸಿದ್ಧವಾಗಿರುವುದು.

ಸೋಮವಾರ ಬಸವಣ್ಣನ ದಿನವೆಂದು ಎತ್ತನ್ನು ಹೂಡದಿರುವ ಪದ್ಧತಿಯೂ ಅನೇಕ ಗ್ರಾಮಗಳಲ್ಲಿದೆ. ಇದು ಬಹಳ ಒಳ್ಳೆಯ ಪದ್ಧತಿ. ಆದರೆ ಒಂದು ಎಚ್ಚರಿಕೆಯುಂಟು. ಭಾನುವಾರ ಬಿಡುವು ಕೊಟ್ಟು ಕಾಳನ್ನು ಮಾತ್ರ ಎಂದಿನಂತೆ ತಿನ್ನಿಸಿದ ಯೂರೋಪಿನ ಗಾಡಿಕುದುರೆಗಳು ಸೋಮವಾರ ಹೂಡಿದೊಡನೆ ಖಂಡಗಳು ಬಿಗಿದು ನಿಂತುಬಿಡುತ್ತಿದ್ದುವು. ಅದಕ್ಕೆ ಅಲ್ಲಿಯವರು ಸೋಮವಾರದ ಬೇನೆಯೆಂದೇ ಹೆಸರಿಟ್ಟಿದ್ದರು. ಕುದುರೆಯ ಮೈ ಬೇರೆ, ಎತ್ತಿನ ಮೈ ಬೇರೆ. ಆದರೂ ಬಿಡುವಿನ ದಿನ ಹುರುಳಿ ಹಿಂಡಿಗಳನ್ನು ಅರ್ಧಕ್ಕಿಳಿಸಿ ಹುಲ್ಲನ್ನೇ ಹೆಚ್ಚಾಗಿ ಕೊಡುವುದೂ, ಮಾರನೆಯ ದಿನದ ಕೆಲಸವನ್ನು ಮೆಲ್ಲಗೆ ಆರಂಭಿಸುವುದೂ ಕ್ಷೇಮಕರ.

8. ಕೆಲಸದ ಅಳತೆ

ಆರು ಅಂಗುಲ ಅಗಲದ ಸಾಲಿನಿಂದ ಒಂದು ಎಕರೆಯನ್ನು ಉಳಲು ಎತ್ತುಗಳು ಎಷ್ಟು ದೂರ ನಡೆಯಬೇಕೆಂಬುದನ್ನು ಲೆಕ್ಕಹಾಕಿ ನೋಡಿರಿ. ಎಕರೆಗೆ 43,560 ಚದರಡಿ; ಸಾಲಿನ ಅಗಲವು ಅರ್ಧ ಅಡಿ; ಆದುದರಿಂದ ಸಾಲುಗಳ ಒಟ್ಟು ಉದ್ದವು 87,120 ಅಡಿ, ಎಂದರೆ ಹದಿನಾರೂವರೆ ಮೈಲಿ. ತಿರುವುಗಳ ನಡಿಗೆಯು ಇದರಲ್ಲಿ ಸೇರಿಲ್ಲ. ಗಂಟೆಗೆ ಎರಡು ಮೈಲಿಯಂತೆ ನಡೆದರೂ ಎಂಟು ಗಂಟೆಗಳಿಗೆ ಮೇಲಾಗುವುದು. ಒಂದು ದಿನದಲ್ಲಿ ಎಕರೆಯನ್ನು ಮುಗಿಸಲೇಬೇಕೆಂಬ ಹಟವು ಎತ್ತಿನಿಂದ ಏನನ್ನು ಕೇಳುವುದೆಂಬುದು ಇದರಿಂದ ವಿದಿತವಾಗುವುದು. ಒಂಬತ್ತು ಅಂಗುಲದ ಸಾಲಾದರೆ ನಡಿಗೆಯು ಹನ್ನೊಂದು ಮೈಲಿಗೆ ಇಳಿಯುವುದು. ಆದರೆ ಪ್ರತಿಯೊಂದು ಹೆಜ್ಜೆಯ ಎಳೆತವೂ ಹೆಚ್ಚುವುದು.

ಎತ್ತು ಗಂಟೆಗಟ್ಟಲೆ ತಾಳಬಲ್ಲ ಎಳೆತವು ಅದರ ತೂಕದ ಸುಮಾರು ಹತ್ತನೆಯ ಒಂದು ಭಾಗ. ತಲಾ 350 ಕಿಲೋಗ್ರಾಂ ತೂಗುವ ಜೋಡಿಗೆ 70 ಕಿಲೋಗ್ರಾಂ ಎಳೆತವು ಹದವಾದುದು. ಇದಕ್ಕೆ ಎಷ್ಟೋ ಹೆಚ್ಚಾದ ಎಳೆತವನ್ನೂ ಎತ್ತು ಕೆಲವು ಕ್ಷಣಗಳ ಮಟ್ಟಿಗೆ ಕೊಡಬಲ್ಲುದು. ಕೆಸರಿನಲ್ಲಿ ಹೂತ ಗಾಡಿಯನ್ನು ಎಬ್ಬಿಸುವುದು ಹೀಗೆ. ಅದನ್ನೇ ದಿನವೆಲ್ಲ ಕೇಳಿದರೆ ಕೊಡಲಾರದು.

9. ಆಯಾಸದ ಗುರುತುಗಳು

ಉಸಿರು: ಎತ್ತಿನ ಪಕ್ಕೆಯ ಬಳಿ ನಿಂತು ಅದು ಏರಿ ಇಳಿಯುವುದನ್ನು ಒಂದು ನಿಮಿಷ ಎಣಿಸಿರಿ. ನೆರಳಿನಲ್ಲಿ ಸುಮ್ಮನಿರುವ ಎತ್ತಿಗೆ ಇದು ಸಾಮಾನ್ಯವಾಗಿ 15ರಿಂದ 35ರವರೆಗೆ ಇರುವುದು.

ನಾಡಿ: ಬಾಲದ ಬುಡದಿಂದ ಒಂದು ಗೇಣು ಕೆಳಗೆ, ಬಾಲದ ಒಳಮಗ್ಗುಲ ನಡುವೆ, ಎರಡು ಬೆರಳುಗಳನ್ನು ಮೆಲ್ಲಗೆ ಒತ್ತಿದರೆ ನಾಡಿಯು ಸಿಕ್ಕುವುದು. ಕೆಳದವಡೆಯ ಅಂಚಿನಲ್ಲಿಯೂ ನೋಡಬಹುದು. ಸುಮ್ಮನಿರುವಾಗ ನಿಮಿಷಕ್ಕೆ ಸುಮಾರು 45ರಿಂದ 80.

ಶಾಖ: ಆರೋಗ್ಯದಲ್ಲಿ ಸುಮಾರು 38.5 ಡಿಗ್ರಿ ಸೆಂಟಿಗ್ರೇಡ್. 40 ಡಿಗ್ರಿಯನ್ನು ಮೀರಿದರೆ ಅಂದಿಗೆ ನೊಗವನ್ನು ಇಳಿಸತಕ್ಕದ್ದು.

ಹೊರಗಿನ ಗುರುತುಗಳು: ಮೊದಲು ಬಾಯಲ್ಲಿ ಜೊಲ್ಲು, ಆಮೇಲೆ ನೊರೆ; ತಲೆಯು ತಗ್ಗುವುದು; ಹೆಜ್ಜೆಯು ತಪ್ಪುವುದು, ಹಿಂಗಾಲು ಎಳೆಯುವುದು; ಬಾಯಿ ತೆರೆದು ನಾಲಗೆಯನ್ನು ಹೊರಚಾಚುವುದು; ಕೊನೆಗೆ ನಿಂತಲ್ಲಿಯೇ ನಿಲ್ಲುವುದು ಅಥವಾ ಮಲಗುವುದು. ನೊರೆಯು ಕಂಡಾಗ ನಿಲ್ಲಿಸಿದವನು ಗಂಟೆಯನ್ನು ಕಳೆದುಕೊಳ್ಳುವನು. ನಾಲಗೆಯು ಹೊರಬಿದ್ದ ಮೇಲೂ ಹೊಡೆದವನು ಎತ್ತನ್ನು ಕಳೆದುಕೊಳ್ಳುವನು.

ಇವೆಲ್ಲಕ್ಕಿಂತ ಉಪಯುಕ್ತವಾದುದು ಹೋಲಿಕೆ. ಪ್ರತಿಯೊಂದು ಎತ್ತಿನ ಬೆಳಗಿನ ಉಸಿರನ್ನೂ ನಾಡಿಯನ್ನೂ ಎಣಿಸಿ ನೆನಪಿಟ್ಟುಕೊಳ್ಳಿರಿ. ಕೆಲಸವಾದ ಮೇಲೆ ಅರ್ಧ ಗಂಟೆ ನೆರಳಿನಲ್ಲಿ ನಿಲ್ಲಿಸಿ ಮತ್ತೆ ಎಣಿಸಿರಿ. ಬೆಳಗಿನ ಎಣಿಕೆಯ ಹತ್ತಿರಕ್ಕೆ ಬಂದಿದ್ದರೆ ಮತ್ತೆ ಹೂಡಬಹುದು. ಬಾರದಿದ್ದರೆ ಅಂದಿಗೆ ಹೂಡಕೂಡದು.

10. ಅನುಸರಿಸತಕ್ಕ ಕ್ರಮಗಳು

(ಅ) ಬೇಸಗೆಯ ಬಿಡುವಿನ ಅನಂತರ ಮೊದಲ ವಾರದಲ್ಲಿ ಬೆಳಿಗ್ಗೆ ಎರಡು ಗಂಟೆ, ಎರಡನೆಯ ವಾರದಲ್ಲಿ ಮೂರು, ಮೂರನೆಯ ವಾರದಲ್ಲಿ ನಾಲ್ಕು ಗಂಟೆಯಂತೆ ಕೆಲಸವನ್ನು ಹೆಚ್ಚಿಸಿರಿ. ಅನಂತರ ಬೆಳಿಗ್ಗೆಯೂ ಸಂಜೆಯೂ ಸೇರಿ ಆರು ಗಂಟೆಗಳ ಉಳುಮೆಯು ಸಾಕು.

(ಆ) ಗಂಟೆಗೊಮ್ಮೆ ಸಾಲಿನ ಕೊನೆಯಲ್ಲಿ ಹತ್ತು ನಿಮಿಷ ನಿಲ್ಲಿಸಿರಿ. ಮೊಸ್ಸೊ ಅವರ ಲೆಕ್ಕದಂತೆ, ಬೇಗ ಕೊಟ್ಟ ಚಿಕ್ಕ ವಿಶ್ರಾಂತಿಯು ತಡವಾಗಿ ಕೊಟ್ಟ ದೊಡ್ಡ ವಿಶ್ರಾಂತಿಗಿಂತ ಲಾಭಕರ.

(ಇ) ಹೊಟ್ಟೆ ತುಂಬ ಮೇಯಿಸಿದ ಒಡನೆ ಹೂಡಬೇಡಿರಿ. ಕೆಲಸ ಮುಗಿದ ಮೇಲೆ ನೆರಳಿಗೆ ತಂದು ಮೊದಲು ಸ್ವಲ್ಪ ನೀರು, ಸ್ವಲ್ಪ ಹೊತ್ತಾದ ಮೇಲೆ ಬೇಕಾದಷ್ಟು ನೀರು, ಆಮೇಲೆ ಮೇವು ಕೊಡಿರಿ. ದಿನಕ್ಕೆ ಸುಮಾರು 30 ಗ್ರಾಂ ಉಪ್ಪು ಇರಲಿ.

(ಈ) ಬಿಸಿಲಿನಿಂದ ಕುಸಿದ ಎತ್ತನ್ನು ಎಬ್ಬಿಸಿ ಓಡಾಡಿಸಬೇಡಿರಿ. ನೊಗವನ್ನು ಕಳಚಿ, ನೆರಳು ಮಾಡಿ, ಮೈಮೇಲೆ ನೀರು ಸುರಿಯುತ್ತ ಗಾಳಿ ಬೀಸಿರಿ, ಪಶುವೈದ್ಯರಿಗೆ ಹೇಳಿಕಳುಹಿಸಿರಿ.

(ಉ) ಕಾಲುಬಾಯಿ ಜ್ವರ ಮೊದಲಾದ ರೋಗಗಳಿಂದ ಎದ್ದ ಎತ್ತನ್ನು ಪಶುವೈದ್ಯರು ಒಪ್ಪಿದ ಹೊರತು ಹೂಡಕೂಡದು. ಮೊದಲ ದಿನ ನೊಗವಿಲ್ಲದೆ ಅರ್ಧ ಮೈಲಿ ನಡೆಸಿ ಉಸಿರನ್ನು ಎಣಿಸಿರಿ. ಏದಿದರೆ ಇನ್ನೂ ಕಾಯಿರಿ. ಈ ರೋಗಕ್ಕೆ ಲಸಿಕೆಯಿದೆ. ಅದನ್ನು ಕಾಲಕಾಲಕ್ಕೆ ತಪ್ಪದೆ ಹಾಕಿಸಿರಿ.

(ಊ) ಜೋಡಿಯಲ್ಲಿ ಒಂದು ದೊಡ್ಡದೂ ಮತ್ತೊಂದು ಚಿಕ್ಕದೂ ಇದ್ದರೆ ಕೆಲಸವನ್ನು ಚಿಕ್ಕದರ ಅಳತೆಗೆ ಇಳಿಸಿರಿ.

11. ಗ್ರಾಮದ ಮುಖಂಡರಲ್ಲಿ ವಿಜ್ಞಾಪನೆ

ಪ್ರಾಣಿಗಳಿಗೆ ಹಿಂಸೆಯಾಗದಂತೆ ತಡೆಯುವ ಅಧಿನಿಯಮವು 1960ರಲ್ಲಿಯೂ, ಗಾಡಿ ಎಳೆಯುವ ಮತ್ತು ಹೊರೆ ಹೊರುವ ಪ್ರಾಣಿಗಳ ನಿಯಮಗಳು 1965ರಲ್ಲಿಯೂ ಆದುವು. ಆ ನಿಯಮಗಳಂತೆ ಪ್ರಾಣಿಯನ್ನು ದಿನಕ್ಕೆ ಒಟ್ಟು ಒಂಬತ್ತು ಗಂಟೆಗಳಿಗೆ ಮೇಲಾಗಿಯೂ, ಬಿಡುವಿಲ್ಲದೆ ಐದು ಗಂಟೆಗಳಿಗೆ ಮೇಲಾಗಿಯೂ, ಶಾಖವು 37 ಡಿಗ್ರಿಯನ್ನು ಮೀರುವ ಕಡೆಗಳಲ್ಲಿ ಹಗಲು ಹನ್ನೆರಡರಿಂದ ಮೂರು ಗಂಟೆಯವರೆಗೂ ದುಡಿಸಕೂಡದು. ಇದು ಹೊರಗಿನ ಎಲ್ಲೆ; ಬುದ್ಧಿವಂತರಾದ ರೈತರು ಇದಕ್ಕೆ ಎಷ್ಟೋ ಮುಂಚೆಯೇ ನಿಲ್ಲಿಸುವರು.

ಆದರೆ ನಿಯಮವನ್ನು ಹೇಳಿದ ಮಾತ್ರಕ್ಕೆ ಆಗುವುದಿಲ್ಲ. ತನ್ನ ಎತ್ತು ಏದುತ್ತಿರುವುದನ್ನು ಕಾಣದ ರೈತನಿಲ್ಲ. ಕಂಡೂ ಹೂಡುವನು, ಏಕೆಂದರೆ ಹದವು ಅವನಿಗಾಗಿ ಕಾಯದು. ಆದುದರಿಂದ ಯಾರ ಎತ್ತು ರೋಗದಿಂದ ಎದ್ದಿದೆಯೋ ಅವರ ಹೊಲವನ್ನು ಮುಯ್ಯಿಯ ಮೇಲೆ ಉತ್ತುಕೊಡುವ ಏರ್ಪಾಟನ್ನು ಗ್ರಾಮದ ಮುಖಂಡರು ಮುಂಗಾರಿಗೆ ಮುಂಚೆಯೇ ಮಾಡತಕ್ಕದ್ದು. ಹತ್ತು ಮನೆಯವರು ಒಂದೊಂದು ಬೆಳಗು ನೇಗಿಲನ್ನು ಕೊಟ್ಟರೆ ಒಬ್ಬನ ಎತ್ತೂ ಉಳಿಯುವುದು, ಬೆಳೆಯೂ ಉಳಿಯುವುದು. ಕೊಟ್ಟ ಮುಯ್ಯಿ ಮುಂದಿನ ವರ್ಷ ಕೊಟ್ಟವರಿಗೇ ತಿರುಗಿ ಬರುವುದು.

12. ಉಪಸಂಹಾರ

ಮಾಂಸಖಂಡವು ತನ್ನ ಬಳಲಿಕೆಯನ್ನು ಹೆಜ್ಜೆಯಲ್ಲಿ ತೋರಿಸುವುದು. ಹೃದಯವು ಬಹಳ ಹೊತ್ತು ತೋರಿಸದೆಯೇ ದುಡಿಯುವುದು. ಅದರ ಮಾತು ಉಸಿರಿನಲ್ಲಿಯೂ ನಾಡಿಯಲ್ಲಿಯೂ ಮಾತ್ರ ಕೇಳಿಬರುವುದು. ಕೇಳಬೇಕಾದವನು ಯಜಮಾನ.

ಮೊದಲು ಹೇಳಿದ ರೈತರು ಸಾಲ ಮಾಡಿ ಮತ್ತೊಂದೆತ್ತನ್ನು ತಂದರು. ಮುಂದಿನ ಮುಂಗಾರಿನಲ್ಲಿ ಅದೇ ದಾರಿಯಲ್ಲಿ ಹೋಗುತ್ತಿದ್ದಾಗ ಅವರು ಹೊಲದ ಬದುವಿನಲ್ಲಿ ಜೋಡಿಯನ್ನು ನಿಲ್ಲಿಸಿ, ಒಂದರ ಪಕ್ಕೆಯನ್ನು ನೋಡುತ್ತ ತುಟಿಯಲ್ಲಿಯೇ ಎಣಿಸುತ್ತಿದ್ದುದನ್ನು ಕಂಡೆನು. ನಾನು ನಮಸ್ಕಾರವೆಂದೆನು. ಅವರು ಕೈಸನ್ನೆಯಿಂದ ಸುಮ್ಮನಿರಿರೆಂದರು. ಎಣಿಕೆಯು ಮುಗಿದ ಮೇಲೆ ಮಾತನಾಡಿಸಿ, “ಇನ್ನೂ ಇಳಿದಿಲ್ಲ ಸ್ವಾಮಿ, ಇವತ್ತಿಗೆ ಸಾಕು” ಎಂದು ನೊಗವನ್ನು ಬಿಚ್ಚಿದರು. ಉಳಬೇಕಾದ ನೆಲವು ಇನ್ನೂ ನಾಲ್ಕು ಸಾಲಿನಷ್ಟಿತ್ತು.